ನಾಸಿಕದ ಗಿರಣಿಯಲ್ಲಿ ಮೈಕು ಹಿಡಿದು

ಇಗತಪುರಿ

ಕಲ್ಯಾಣದಲ್ಲಿ ಗಾಡಿ ಬದಲಿಸಿ, ಘಟ್ಟ ಹತ್ತಿ, ಇಗತಪುರಿಯಲ್ಲಿ ನಿಂತಾಗ ಬೆಳಗಿನ ಒಂಬತ್ತು ಗಂಟೆ. ನಮ್ಮ ಕಲಬುರಗಿಯಲ್ಲಿ ಇಡೀ ಆಷಾಢಕ್ಕೆ ಬೀಳುವಷ್ಟು ಮಳೆ ನಾನು ಪ್ಲಾಟ್‌ಫಾರ್ಮಿನಲ್ಲಿ ಒಂದು ಚಹಾ ಕುಡಿಯುವಷ್ಟರಲ್ಲಿ ಬಿತ್ತು. ಯಾರೂ ಓಡಲಿಲ್ಲ. ಕೊಡೆ ಇದ್ದವರು ಅದನ್ನು ಬಿಚ್ಚುವ ಗೋಜಿಗೂ ಹೋಗಲಿಲ್ಲ. ವಡಾಪಾವ್ ಮಾರುವವನು ಬುಟ್ಟಿಯ ಮೇಲೆ ಪ್ಲಾಸ್ಟಿಕ್ ಎಳೆದುಕೊಂಡು ಅದೇ ದನಿಯಲ್ಲಿ ಕೂಗುತ್ತಿದ್ದ. ನಮ್ಮಲ್ಲಾದರೆ ನಾಲ್ಕು ಹನಿ ಬಿದ್ದರೆ ಸಾಕು, ಬಸ್‌ಸ್ಟ್ಯಾಂಡಿನಲ್ಲಿ ಇದ್ದವರೆಲ್ಲ ಒಂದೇ ಕಟ್ಟೆಯ ಮೇಲೆ.

ನನ್ನ ಹೆಗಲಿಗೆ ಒಂದು ಉದ್ದನೆಯ ಚೀಲ ಇತ್ತು. ಕಿತ್ತಳೆ ಬಣ್ಣದ ರೇನ್‌ಕೋಟ್ ಹಾಕಿದ ಒಬ್ಬ ರೈಲ್ವೆ ಕೆಲಸಗಾರ ಅದನ್ನೇ ನೋಡುತ್ತ ನಿಂತಿದ್ದ. ಕೊನೆಗೆ ತಡೆಯಲಾರದೆ ಮರಾಠಿಯಲ್ಲಿ ಕೇಳಿದ, ಮೀನು ಹಿಡಿಯಲಿಕ್ಕೆ ಬಂದಿರೇನು ಅಂತ.

ಇಲ್ಲಪ್ಪ, ಇದು ಮೈಕು ಕಟ್ಟುವ ಕೋಲು ಅಂದೆ. ನಾಸಿಕದಲ್ಲಿ ಒಂದು ಸಿನಿಮಾ ಮಾಡುತ್ತಿದ್ದೇವೆ, ಕಥೆಯ ಸಿನಿಮಾ ಅಲ್ಲ, ಒಂದು ಮನೆಯ ದಿನನಿತ್ಯದ ಬದುಕನ್ನು ಇದ್ದ ಹಾಗೆ ತೆಗೆಯುವುದು, ನನ್ನ ಹಳೆಯ ವಿದ್ಯಾರ್ಥಿನಿ ಕ್ಯಾಮೆರಾ ಹಿಡಿಯುತ್ತಾಳೆ, ನಾನು ಶಬ್ದ ನೋಡಿಕೊಳ್ಳುತ್ತೇನೆ ಅಂದೆ. ನನ್ನ ಮರಾಠಿ ಸೊಲ್ಲಾಪುರದ ಕಡೆಯದು. ಅವನು ನಿಧಾನವಾಗಿ ಎಲ್ಲವನ್ನೂ ಕೇಳಿಸಿಕೊಂಡು, ಸಮಾಧಾನದಿಂದ ತಲೆದೂಗಿ ಅಂದ:

"ಮ್ಹಣಜೇ ವಿದ್ಯಾರ್ಥಿನಿ ಸಾಹೇಬ. ತುಮ್ಹೀ ಹೆಲ್ಪರ್."

ಅಂದರೆ ವಿದ್ಯಾರ್ಥಿನಿ ಸಾಹೇಬರು, ನೀವು ಹೆಲ್ಪರ್. ಅವನಿಗೆ ಯಾವ ದುರುದ್ದೇಶವೂ ಇರಲಿಲ್ಲ. ಆದರೆ ಆ ಮಾತು ನಾಸಿಕ ರೋಡ್ ಸ್ಟೇಷನ್ ಬರುವವರೆಗೂ ನನ್ನ ಎದುರಿನ ಸೀಟಿನಲ್ಲಿ ಕೂತುಕೊಂಡೇ ಬಂತು.

ಇಪ್ಪತ್ತು ವರ್ಷಗಳಿಂದ ನಾನು ಸಾಕ್ಷ್ಯಚಿತ್ರ ಮಾಡುತ್ತ ಬಂದಿದ್ದೇನೆ. ಮಣ್ಣಿನ ಪರೀಕ್ಷೆ, ಬಾಣಂತಿಯರ ಆಹಾರ, ಮಳೆನೀರಿನ ಕೊಯ್ಲು. ನನ್ನ ಚಿತ್ರಗಳನ್ನು ನೋಡುವವರು ಸಭೆಯ ಊಟ ಇನ್ನೂ ಬಂದಿಲ್ಲವೆಂದು ನೋಡುತ್ತಾರೆ. ಚೈತ್ರಾ ಮೈಸೂರಿನವಳು, ಧಾರವಾಡದಲ್ಲಿ ನಾನು ನಡೆಸುತ್ತಿದ್ದ ಮೂರು ತಿಂಗಳ ಕೋರ್ಸಿಗೆ ಬಂದಿದ್ದಳು. ಟ್ರೈಪಾಡ್‌ನ ಕಾಲು ಬಿಚ್ಚುವುದನ್ನು ಕಲಿಸಿದವಳು ನಾನು. ಅವಳ ಮೊದಲ ಚಿತ್ರವೇ ಏಳೆಂಟು ದೇಶ ಸುತ್ತಿತು. ಕೊನೆಯಲ್ಲಿ ನನ್ನ ಹೆಸರು ಇತ್ತು, ಕೃತಜ್ಞತೆಗಳಲ್ಲಿ, ಒಂದು ಕೊರಿಯರ್ ಆಫೀಸಿನ ಹುಡುಗನ ಹೆಸರಿನ ಕೆಳಗೆ. ಈಗ ಅವಳ ಶಬ್ದದ ಹುಡುಗನಿಗೆ ಕಾಲು ಮುರಿದಿದೆ, ಹನ್ನೊಂದು ದಿನದ ಮಟ್ಟಿಗೆ ಬರ್ತೀರಾ ಅಕ್ಕ ಎಂದು ಕೇಳಿದಳು. ಬರುತ್ತೇನೆ ಅಂದೆ. ಸಹಾಯ ಮಾಡಲಿಕ್ಕೆ ಅಂದುಕೊಂಡೆ. ಅವಳು ಹೇಗೆ ಮಾಡುತ್ತಾಳೆ ನೋಡೋಣ ಎಂಬುದು ನಿಜವಾದ ಕಾರಣ.

ನಾಸಿಕ, ಪಂಚವಟಿಯ ಹಿಂದಿನ ಓಣಿ

ಚೈತ್ರಾ ಒಂದು ವರ್ಷದಿಂದ ತೆಗೆಯುತ್ತಿದ್ದದ್ದು ಒಂದು ಹಿಟ್ಟಿನ ಗಿರಣಿಯನ್ನು. ನಡೆಸುವವರು ಮಹಾನಂದಾ, ಐವತ್ತೈದರ ಆಸುಪಾಸು, ಬೀದರ್ ಜಿಲ್ಲೆಯ ಭಾಲ್ಕಿ ಕಡೆಯವರು. ಮದುವೆಯಾಗಿ ಗಂಡನ ಜೊತೆ ಇಲ್ಲಿಗೆ ಬಂದು ಮೂವತ್ತು ವರ್ಷ. ಗಂಡ ತೀರಿಕೊಂಡು ಮೂರು. ಮುಂದೆ ಗಿರಣಿ, ಹಿಂದೆ ಎರಡು ಕೋಣೆಯ ಮನೆ, ಹಣೆಯ ಮೇಲೆ ವಿಭೂತಿ, ಹುಬ್ಬಿನ ಮೇಲೆ ಹಿಟ್ಟು. ಎರಡೂ ಬೆಳ್ಳಗಿರುವುದರಿಂದ ಮಧ್ಯಾಹ್ನದ ಹೊತ್ತಿಗೆ ಯಾವುದು ಯಾವುದೆಂದು ಗೊತ್ತಾಗುತ್ತಿರಲಿಲ್ಲ.

ಅವರಿಗೆ ಒಬ್ಬಳೇ ಮಗಳು, ಪಲ್ಲವಿ. ಶಾಲೆಯ ದಿನಗಳಿಂದ ಅಪ್ಪನ ಪಕ್ಕದಲ್ಲಿ ಕೂತು, ಕಲ್ಲಿನ ಸದ್ದು ಕೇಳಿಯೇ ಹಿಟ್ಟು ನುಣ್ಣಗೆ ಬೀಳುತ್ತಿದೆಯೋ ಇಲ್ಲವೋ ಹೇಳುತ್ತಿದ್ದವಳು. ಅಪ್ಪ ಹೋದ ಮೇಲೆ ಗಿರಣಿ ನಾನೇ ನಡೆಸುತ್ತೇನೆ ಅಂದಳು. ಹಿಟ್ಟು ಮೆತ್ತಿಕೊಂಡ ಹುಡುಗಿಯನ್ನು ಯಾರು ಮಾಡಿಕೊಳ್ಳುತ್ತಾರೆ, ನೌಕರಿ ನೋಡಿಕೋ ಅಂದರು ತಾಯಿ. ಎರಡು ವರ್ಷ ಇದೇ ಜಗಳ. ಕಳೆದ ದೀಪಾವಳಿ ಮುಗಿದ ಮೇಲೆ ಪಲ್ಲವಿ ನೌಕರಿ ನೋಡಿಕೊಂಡೇ ಬಿಟ್ಟಳು, ಸಂಭಾಜಿನಗರದ ಆಚೆ ಬಿಡಕಿನ್‌ನ ಹೊಸ ಕಾರ್ಖಾನೆಯೊಂದರಲ್ಲಿ. ಹೋದವಳು ಎಂಟು ತಿಂಗಳಾದರೂ ಬಂದಿರಲಿಲ್ಲ. ತಾಯಿಯೂ ಹೋಗಿರಲಿಲ್ಲ. ಫೋನಿನಲ್ಲಿ ಊಟ ಆಯಿತಾ, ಆಯಿತು, ಅಷ್ಟೇ.

ಇದನ್ನೆಲ್ಲ ಹೇಳಿ ಚೈತ್ರಾ ಅಂದಳು, "ಮಹಾನಂದಾ ಅವರು ಒಂದಲ್ಲ ಒಂದು ದಿನ ಹೋಗ್ತಾರೆ ಅಕ್ಕ. ಅದಕ್ಕೇ ಕಾಯ್ತಿದೀನಿ."

"ಒಂದು ಭೇಟಿ ಏರ್ಪಾಟು ಮಾಡಿ ತೆಗೆದುಬಿಡು. ವರ್ಷಗಟ್ಟಲೆ ಯಾಕೆ ಕಾಯಬೇಕು?" ಅಂದೆ.

ಅವಳು ನಕ್ಕಳು. ನಗು ಮೃದುವಾಗಿಯೇ ಇತ್ತು. ಆದರೂ ನನಗೆ ತಾಗಿತು.

ಅವಳ ನಿಯಮ ಇಷ್ಟೇ: ಏನನ್ನೂ ಕೇಳಬಾರದು, ಏನನ್ನೂ ಮತ್ತೊಮ್ಮೆ ಮಾಡಿ ಅನ್ನಬಾರದು, ತಪ್ಪಿಹೋದದ್ದು ತಪ್ಪಿಹೋಯಿತು. ಮೊದಲ ತಿಂಗಳು ಕ್ಯಾಮೆರಾ ಹೊರಗೇ ತೆಗೆದಿರಲಿಲ್ಲವಂತೆ. ಗಿರಾಕಿಗಳ ಡಬ್ಬಿ ಒರೆಸುತ್ತ ಕೂತಿದ್ದಳಂತೆ. ಈಗ ಮೂಲೆಯಲ್ಲಿ ಜೋಳದ ಚೀಲಕ್ಕೆ ಒರಗಿ ಕ್ಯಾಮೆರಾ ತೊಡೆಯ ಮೇಲಿಟ್ಟುಕೊಂಡು ಕೂತರೆ, ಓಣಿಯ ಜನ ಅವಳನ್ನು ದಾಟಿಕೊಂಡು ಹೋಗುತ್ತಿದ್ದರು, ಇನ್ನೊಂದು ಚೀಲ ಇದ್ದಂತೆ. ನಾನು ಕೋಲು ಹಿಡಿದು ನಿಂತರೆ ಎಲ್ಲರೂ ತಲೆ ಎತ್ತಿ ಮೈಕನ್ನೇ ನೋಡುತ್ತಿದ್ದರು.

ನಿಜ ಹೇಳುತ್ತೇನೆ, ಬರುವಾಗ ನನಗೆ ಒಂದು ಧೈರ್ಯವಿತ್ತು. ಆ ಮನೆಯ ಮಾತು ನನ್ನ ಮಾತು. ಚೈತ್ರಾಳ ಮೈಸೂರು ಕನ್ನಡ ಅವರಿಗೆ ಅರ್ಧ ಅರ್ಥವಾಗಲಿಕ್ಕಿಲ್ಲ, ನಾನು ಬಂದರೆ ನಮ್ಮ ಕಡೆಯಾಕಿ ಬಂದಳು ಅಂತ ಮಹಾನಂದಾ ಮನಸ್ಸು ಬಿಚ್ಚಿಯಾರು ಅಂದುಕೊಂಡಿದ್ದೆ. ಮೊದಲ ದಿನವೇ ಕೇಳಿದೆ, "ಹ್ಯಾಂಗಿದ್ದೀರಿ ಅಕ್ಕಾರೆ, ಭಾಲ್ಕಿ ಕಡೀಗಿ ಹೋಗೋದು ಬರೋದು ಅದ ಇಲ್ರಿ?"

"ಅದಾರಿ ಮೇಡಂ, ಕುಂದ್ರಿ," ಅಂದು ನನಗೊಂದು ಸ್ಟೂಲು ಕೊಟ್ಟರು. ಆಮೇಲೆ ಚೈತ್ರಾಳ ಕಡೆ ತಿರುಗಿ, "ತಾಈ, ನಿನ್ನೆ ಯಾಕ ಉಣಲಾರದೆ ಹೋದಿ?" ಅಂತ ಗದರಿದರು. ಮರಾಠಿಯಲ್ಲಿ ತಾಈ ಅಂದರೆ ಅಕ್ಕ. ಮೊದಮೊದಲು ಚೈತ್ರಾ ಇದನ್ನು ಕನ್ನಡದ ತಾಯಿ ಎಂದು ತಿಳಿದು, ನನಗಿನ್ನೂ ಮೂವತ್ತೈದು, ನಾನು ಯಾರಿಗೂ ತಾಯಿಯಾಗಿಲ್ಲ ಎಂದು ಒದ್ದಾಡಿದ್ದಳಂತೆ. ಮನೆಯಲ್ಲಿ ಅದೊಂದು ದೊಡ್ಡ ನಗೆಯ ಮಾತು. ಹನ್ನೊಂದು ದಿನದಲ್ಲಿ ಏಳು ಸಲ ಅದನ್ನು ನನಗೆ ಹೇಳಿದರು. ಅವಳು ತಾಈ, ನಾನು ಮೇಡಂ. ಅವಳನ್ನು ಒಲೆಯ ಮುಂದೆ ಕೂರಿಸಿ ರೊಟ್ಟಿಯ ತುಂಡಿಗೆ ಪುಂಡಿಪಲ್ಯ ಹಚ್ಚಿ ಕೈಗೆ ಕೊಡುತ್ತಿದ್ದರು. ನನಗೆ ಸ್ಟೀಲ್ ತಟ್ಟೆ, ಚಮಚ, ಪಕ್ಕದಲ್ಲಿ ನೀರಿನ ಲೋಟ.

ಮೂರನೆಯ ದಿನ ನಾನೊಂದು ಎಡವಟ್ಟು ಮಾಡಿದೆ. ಶ್ರಾವಣವಾದ್ದರಿಂದ ಉಪವಾಸದ ಹಿಟ್ಟಿಗೆ ಗಿರಾಕಿಗಳು ಬಹಳ. ಉಪವಾಸದ ವರಿ ಅಕ್ಕಿ ಹಾಕುವ ಮುಂಚೆ ಗೋಧಿಯ ಒಂದು ಕಣವೂ ಉಳಿಯದಂತೆ ಇಡೀ ಯಂತ್ರ ಬಿಚ್ಚಿ ಒರೆಸಬೇಕು. ಮಹಾನಂದಾ ಅದನ್ನು ಎಷ್ಟು ಚೆಂದ ಒರೆಸಿದರೆಂದರೆ, ಮಗುವಿನ ಕಿವಿ ಒರೆಸಿದ ಹಾಗೆ. ಆದರೆ ಬೆನ್ನು ಕ್ಯಾಮೆರಾದ ಕಡೆ ಇತ್ತು. ನನ್ನ ಬಾಯಿ ತಾನಾಗಿ ಅಂದುಬಿಟ್ಟಿತು, "ಅಕ್ಕಾರೆ, ಥೋಡೆ ಈ ಕಡೆ ತಿರುಗಿ ಇನ್ನೊಮ್ಮೆ ಒರೆಸ್ತೀರೇನ್ರಿ?"

ಚೈತ್ರಾ ಕ್ಯಾಮೆರಾ ಕೆಳಗಿಟ್ಟಳು.

"ನಾ ತಪ್ಪ ಮಾಡಿದ್ನೇನ್ರಿ?" ಎಂದು ಮಹಾನಂದಾ ಗಾಬರಿಯಿಂದ ಇಬ್ಬರ ಮುಖ ನೋಡಿದರು. ಆ ದಿನವಿಡೀ ಅವರು ಪ್ರತಿ ಡಬ್ಬಿಯನ್ನೂ ಕ್ಯಾಮೆರಾದ ಕಡೆ ಮುಖ ಮಾಡಿಯೇ ಸುರಿದರು, ಪ್ರತಿ ಸಲವೂ ಸರಿಯಾಯಿತೇ ಎಂಬಂತೆ ನನ್ನನ್ನು ನೋಡಿದರು. ಕ್ಯಾಮೆರಾ ಇದೆ ಎಂಬುದರ ಒಂದು ವರ್ಷದ ಮರೆವು ಒಂದು ಮಾತಿನಲ್ಲಿ ಹೋಯಿತು. ಚೈತ್ರಾ ನನಗೆ ಏನೂ ಅನ್ನಲಿಲ್ಲ. ಸಂಜೆ ಗೋದಾವರಿಯ ದಂಡೆಯಲ್ಲಿ ನಡೆಯುವಾಗ ಬೇರೆ ಏನೇನೋ ಮಾತಾಡಿದಳು. ಅವಳು ಬೈದಿದ್ದರೆ ನಾನು ಚೆನ್ನಾಗಿ ನಿದ್ದೆ ಮಾಡುತ್ತಿದ್ದೆ.

ನಾಸಿಕ, ಭಾನುವಾರ

ಚೈತ್ರಾ ಎರಡು ದಿನದ ಕೆಲಸಕ್ಕೆ ಮುಂಬಯಿಗೆ ಹೋದಳು. ಮಂಗಳವಾರ ಬರುತ್ತೇನೆ, ಅಷ್ಟರಲ್ಲಿ ಗಿರಣಿಯ ಬರೀ ಶಬ್ದಗಳನ್ನು ತೆಗೆದುಕೊಂಡಿರಿ ಅಂದಳು. ಪಟ್ಟಿ ತಿರುಗುವುದು, ಕಲ್ಲು, ಡಬ್ಬಿಯ ಮುಚ್ಚಳ, ಜರಡಿ.

ಮಹಾನಂದಾ ಅವರ ಸೆರಗಿಗೆ ಅಂಗಿಯ ಗುಂಡಿಯಷ್ಟು ಸಣ್ಣ ಮೈಕು ಸಿಕ್ಕಿಸಿ ನಾನು ಎದುರಿನ ಕಟ್ಟೆಯ ಮೇಲೆ ಹೆಡ್‌ಫೋನ್ ಹಾಕಿಕೊಂಡು ಕೂತೆ. ನಾಸಿಕದ ಜನಕ್ಕೆ ಭಾನುವಾರವೆಂದರೆ ಮಿಸಳ, ಮೊಳಕೆ ಕಾಳಿನ ಖಾರದ ತಿಂಡಿ. ಬೆಳಗಿನಿಂದ ಓಣಿಯ ಗಂಡಸರೆಲ್ಲ ಸ್ಕೂಟರ್ ಮೇಲೆ ಹೊರಟು, ಬೆವರಿದ ಮುಖ ಹೊತ್ತು ತೃಪ್ತರಾಗಿ ವಾಪಸು ಬರುತ್ತಿದ್ದರು. ಮಧ್ಯಾಹ್ನ ಗಿರಾಕಿಗಳು ಮುಗಿದು ಮೋಟಾರು ನಿಂತಿತು. ಮಹಾನಂದಾ ಒಳಗೆ ಹೋದರು. ಮೈಕು ಸೆರಗಿನಲ್ಲೇ ಇತ್ತು.

"ಪಲ್ಲೂ, ನಾಳಿಗಿ ಬರ್ತೀನಿ," ಎಂದು ಫೋನಿನಲ್ಲಿ ಮಗಳಿಗೆ ಹೇಳುವ ದನಿ ನನ್ನ ಎರಡೂ ಕಿವಿಯಲ್ಲಿ ಕೇಳಿತು. "ಹೌದು, ನಾನೇ ಬರ್ತೀನಿ. ಶ್ರಾವಣ ಸೋಮಾರ ಅದ, ಘೃಷ್ಣೇಶ್ವರಕ್ಕ ಹೋಗ್ತೀನಂತ ಓಣ್ಯಾಗ ಹೇಳ್ತೀನಿ. ತಾಈಗೂ ಹೇಳಿಲ್ಲ. ಮೊದಲ ನಾ ನಿನ್ನ ನೋಡಬೇಕು."

ಹೆಡ್‌ಫೋನ್ ತೆಗೆಯಬೇಕಿತ್ತು. ತೆಗೆಯಲಿಲ್ಲ. ಕೇಳಿದ ಮೇಲೆ ಚೈತ್ರಾಳಿಗೆ ಫೋನ್ ಮಾಡಬೇಕಿತ್ತು. ಮಾಡಲಿಲ್ಲ. ಒಂದು ವರ್ಷ ಅವಳು ಕಾಯುತ್ತಿದ್ದ ದಿನ ನನ್ನ ಕಿವಿಗೆ ಬಂದು ಬಿದ್ದಿತ್ತು. ಅವಳಿಗೆ ಸಿಗದದ್ದು ನನಗೆ ಸಿಗಲಿ ಎಂಬ ಆಸೆ ಅಷ್ಟು ಬಲವಾಗಿತ್ತು.

ಸಂಜೆ ಮಹಾನಂದಾ ನಾಳೆ ಘೃಷ್ಣೇಶ್ವರನ ಗುಡಿಯಿರುವ ವೇರೂಳಿಗೆ ಹೋಗುತ್ತೇನೆ ಅಂದಾಗ, ನಾನು ಏನೂ ಗೊತ್ತಿಲ್ಲದವಳಂತೆ, "ನನಗೂ ಘೃಷ್ಣೇಶ್ವರನ ದರ್ಶನ ಆಗಿಲ್ರಿ, ನಾನೂ ಬರ್ತೀನಿ," ಅಂದೆ. ದೇವರ ಹೆಸರು ಹೇಳಿದವರಿಗೆ ಬರಬೇಡಿ ಅನ್ನುವುದು ಹೇಗೆ? ಒಪ್ಪಿದರು. ನಾನು ಚೈತ್ರಾಳ ಸಣ್ಣ ಕ್ಯಾಮೆರಾವನ್ನು ಟವೆಲಿನಲ್ಲಿ ಸುತ್ತಿ ಚೀಲಕ್ಕೆ ಹಾಕಿದೆ.

ಸೋಮವಾರ, ಬಿಡಕಿನ್

ಬಸ್ಸು ಯೇವಲೆ ದಾಟಿದ ಮೇಲೆ ಮಹಾನಂದಾ ತಾವಾಗಿಯೇ ಹೇಳಿದರು, "ಮೇಡಂ, ಮೊದಲ ಮಗಳ ಕಡೀಗಿ ಹೋಗಿ ಆಮ್ಯಾಲ ದೇವ್ರಿಗಿ ಹೋಗೋಣ ನಡೀತದೇನ್ರಿ?"

ನಾನು ಆಶ್ಚರ್ಯಪಟ್ಟೆ. ಅಷ್ಟು ಚೆನ್ನಾಗಿ ನಟಿಸಬಲ್ಲೆನೆಂದು ನನಗೇ ಗೊತ್ತಿರಲಿಲ್ಲ. ಆಮೇಲೆ ಇನ್ನೊಂದು ಸುಳ್ಳು ಹೇಳಿದೆ. ಅಂಥಾ ದಿನ ಬಂದರೆ ನೀವೇ ತೆಗೆಯಿರಿ ಅಂತ ಚೈತ್ರಾ ಹೇಳಿ ಹೋಗಿದ್ದಾಳೆ ಅಂದೆ. ಅವರು ಬಹಳ ಹೊತ್ತು ಕಿಟಕಿಯಾಚೆಯ ಹತ್ತಿ ಹೊಲ ನೋಡಿದರು. ಆಮೇಲೆ, "ತಾಈ ಹೇಳಿದ್ರ ಆಯ್ತು," ಅಂದರು. ನಾನು ಅವರ ಸೆರಗಿಗೆ ಮೈಕು ಸಿಕ್ಕಿಸಿದೆ.

ಸಂಭಾಜಿನಗರದಲ್ಲಿ ಇಳಿದು ಪೈಠಣದ ದಾರಿಯ ಜೀಪು ಹತ್ತಿದೆವು. ಜೀಪಿನಲ್ಲಿ ಒಬ್ಬ ಅಜ್ಜ ಮಹಾನಂದಾ ಅವರ ವಿಭೂತಿ ನೋಡಿ, ನೀವು ಕಾನಡಿ ಜನ ಅಲ್ಲವೇ, ನಮ್ಮ ಊರಿಗೆ ಒಬ್ಬ ಕಾನಡಿ ಬ್ಯಾಂಕ್ ಮ್ಯಾನೇಜರು ಬಂದಿದ್ದ, ತುಂಬಾ ಒಳ್ಳೆಯವನು, ಆದರೆ ಊಟದಲ್ಲಿ ಅನ್ನ ಇಲ್ಲದಿದ್ದರೆ ಅಳುತ್ತಿದ್ದ ಅಂದ. ಅವನು ದಕ್ಷಿಣದವನಿರಬೇಕು, ನಾವು ರೊಟ್ಟಿಯವರು ಎಂದು ನಾವಿಬ್ಬರೂ ಒಟ್ಟಿಗೇ ಹೇಳಿದೆವು. ಪ್ರವಾಸದಲ್ಲಿ ಮಹಾನಂದಾ ನನ್ನ ಜೊತೆ ಸೇರಿ ನಕ್ಕದ್ದು ಅದೊಂದೇ ಸಲ.

ಬಿಡಕಿನ್‌ನಲ್ಲಿ ಮೊದಲು ಕಾಣುವುದು ರಸ್ತೆ. ಅಷ್ಟು ಅಗಲದ ಸಿಮೆಂಟ್ ರಸ್ತೆ ನಮ್ಮ ಕಲಬುರಗಿಯ ನಡುವೆಯೂ ಇಲ್ಲ. ಎರಡೂ ಕಡೆ ದೀಪದ ಕಂಬ, ಕಾಲುದಾರಿ, ಮೂಲೆಮೂಲೆಗೆ ಬೋರ್ಡು. ನಡೆಯುವವರು ಮಾತ್ರ ಯಾರೂ ಇಲ್ಲ. ಒಂದು ಎಮ್ಮೆ ಮಧ್ಯದಲ್ಲಿ ನಿಂತು ಇಷ್ಟೊಂದು ಜಾಗ ಏನು ಮಾಡುವುದು ಎಂದು ಯೋಚಿಸುತ್ತಿತ್ತು. ಹಳೆಯ ಊರು ಆ ರಸ್ತೆಯ ಬೆನ್ನಿಗೆ ಇದೆ. ಅಲ್ಲಿ ಸಿಂಧೂಬಾಯಿ ಎಂಬವರ ಮನೆಯ ಅಂಗಳದಲ್ಲಿ ತಗಡಿನ ಮಾಡಿನ ಒಂದು ಕೋಣೆ ಪಲ್ಲವಿಯದು.

ನಾನು ಮುಂದೆ ಹೋಗಿ ಕ್ಯಾಮೆರಾ ಹಿಡಿದು ನಿಂತೆ.

ಪಲ್ಲವಿ ಬೂದು ಬಣ್ಣದ ಕಾರ್ಖಾನೆ ಶರ್ಟಿನಲ್ಲಿ ಹೊರಗೆ ಬಂದಳು. ಮಧ್ಯಾಹ್ನದ ಪಾಳಿಗೆ ಸಿದ್ಧಳಾಗಿದ್ದಳು. ತಾಯಿಯ ಕೈಯಿಂದ ಚೀಲ ತೆಗೆದುಕೊಂಡಳು. ಇಬ್ಬರಿಗೂ ಏನು ಮಾಡಬೇಕೋ ತಿಳಿಯಲಿಲ್ಲ. ಅಷ್ಟರಲ್ಲಿ ಮನೆಯೊಡತಿ ಸಿಂಧೂಬಾಯಿ ಕೈ ಒರೆಸಿಕೊಳ್ಳುತ್ತ ಬಂದರು. ಪಲ್ಲವಿ ಅವರ ಕಡೆ ತಿರುಗಿ ಮರಾಠಿಯಲ್ಲಿ ಹೇಳಿದಳು:

"ಆಈ, ಹೀ ಮಾಝೀ ಅವ್ವ."

ಆಈ ಎಂದರೆ ಮರಾಠಿಯಲ್ಲಿ ತಾಯಿ. ಅಮ್ಮಾ, ಇವಳು ನನ್ನ ಅವ್ವ.

ಮಹಾನಂದಾ ಅವರ ಮುಖವನ್ನು ನಾನು ಹತ್ತಿರಕ್ಕೆ ಎಳೆದುಕೊಂಡೆ. ಅಲ್ಲಿ ಏನೋ ಆಗುತ್ತಿತ್ತು. ಆದರೆ ಅದು ಆಗುವ ಮುಂಚೆಯೇ ಅವರ ಕಣ್ಣು ನೇರ ಕ್ಯಾಮೆರಾಕ್ಕೆ ಬಂತು. ಸೆರಗು ಸರಿಮಾಡಿಕೊಂಡು, ಪಾಠ ಒಪ್ಪಿಸುವವರ ಹಾಗೆ ನನಗೆ ಹೇಳಿದರು, "ಈಕಿ ನನ್ನ ಮಗಳು ಪಲ್ಲವಿ ಅದಾಳ್ರಿ. ಭಾಳ ಶಾಣ್ಯಾಕಿ ಅದಾಳ." ಆಮೇಲೆ, ಸರಿಯಾಯಿತೇನ್ರಿ ಎಂಬಂತೆ ನೋಡಿದರು.

"ಚೈತ್ರಾತಾಈ ಎಲ್ಲಿ?" ಎಂದು ಪಲ್ಲವಿ ಕೇಳಿದಳು. ಚೈತ್ರಾ ಒಮ್ಮೆ ಕ್ಯಾಮೆರಾ ಇಲ್ಲದೆ ಬಂದು ಅವಳನ್ನು ಕಂಡುಹೋಗಿದ್ದಳು. ಬರಲಿಲ್ಲ ಅಂದೆ. ಪಲ್ಲವಿ ನನ್ನನ್ನೂ ಕ್ಯಾಮೆರಾವನ್ನೂ ನೋಡಿದಳು. "ಮಗ ಹೇ ಬಂದ್ ಕರಾ, ಪ್ಲೀಜ್. ಹಾಗಾದ್ರೆ ಇದನ್ನ ಬಂದ್ ಮಾಡ್ರಿ."

ಬಂದ್ ಮಾಡಿದೆ. ಇಬ್ಬರೂ ಕೋಣೆಯೊಳಗೆ ಹೋಗಿ ಬಾಗಿಲು ಮುಂದೆ ಮಾಡಿಕೊಂಡರು. ನಾನು ಅಂಗಳದ ಬೇವಿನ ಮರದ ಕೆಳಗೆ ಕೂತೆ. ಹೆಡ್‌ಫೋನ್ ಕೊರಳಿನಲ್ಲಿತ್ತು. ಮೈಕು ಇನ್ನೂ ಮಹಾನಂದಾ ಅವರ ಸೆರಗಿನಲ್ಲಿತ್ತು. ಹಾಕಿಕೊಳ್ಳಲಿಲ್ಲ ಎಂದು ಬರೆಯಲು ಕೈ ತವಕಿಸುತ್ತದೆ. ಹಾಕಿಕೊಂಡೆ.

ನಲವತ್ತು ನಿಮಿಷ. ನನ್ನ ಇಪ್ಪತ್ತು ವರ್ಷದಲ್ಲಿ ಅಂಥ ಮಾತು ನನ್ನ ಯಂತ್ರದೊಳಗೆ ಬಂದಿರಲಿಲ್ಲ. ಅದರಲ್ಲಿ ಎರಡು ಮಾತುಗಳನ್ನಷ್ಟೇ ಬರೆಯಬಹುದೆಂದು ಪಲ್ಲವಿ ಆಮೇಲೆ ಒಪ್ಪಿದ್ದಾಳೆ. ಒಂದು ಹೀಗೆ. ಮಹಾನಂದಾ ಅಂದರು, "ಗಿರಣಿ ನಿಂದೇ ಅದ. ನಾ ತಪ್ಪ ಮಾತಾಡಿದ್ದೆ. ಬಾ." ಪಲ್ಲವಿ ತಡಮಾಡಿ ಉತ್ತರ ಕೊಟ್ಟಳು, "ಸುರುವಾತಿಗಿ ನಿನ್ನ ಮ್ಯಾಲಿನ ಸಿಟ್ಟಿಗೇ ಇಲ್ಲಿದ್ದೆ ಅವ್ವ. ಈಗ ಖರೇನೇ ಆವಡ್ಲಕತ್ತಾದ." ಆವಡಣೆ ಎಂದರೆ ಮನಸ್ಸಿಗೆ ಹಿಡಿಸುವುದು. ಆ ಒಂದು ಪದಕ್ಕೆ ಅವಳಿಗೆ ಕನ್ನಡ ಸಿಗಲಿಲ್ಲವೋ, ಅಥವಾ ಕನ್ನಡದಲ್ಲಿ ಹೇಳಿದರೆ ತಾಯಿಗೆ ಹೆಚ್ಚು ನೋವಾದೀತೆಂದು ಬೇಕೆಂದೇ ಬಿಟ್ಟಳೋ ಗೊತ್ತಿಲ್ಲ.

ಇನ್ನೊಂದು ಮಾತು ಮಹಾನಂದಾ ಏಳುವಾಗ ಕೇಳಿದ್ದು. "ಆಕೀಗಿ ಆಈ ಅಂತೀ?"

"ಮತ್ತೇನಂಬ್ಲಿ? ನನಗ ಜ್ವರ ಬಂದಾಗ ಆಕೀನೇ ಬಾಜೂಕ ಕುಂತಿದ್ಳು. ನೀ ಆಠ್ ಮಹಿನೇ ಬರಲಿಲ್ಲ."

ಸಿಂಧೂಬಾಯಿ ನಮಗೆಲ್ಲ ಕಡಲೆಹಿಟ್ಟಿನ ಪಿಟ್ಲ, ಜೋಳದ ಭಾಕರಿ ಬಡಿಸಿದರು. ಅವರ ಹೊಲ ಆ ಅಗಲದ ರಸ್ತೆಯ ಕೆಳಗೆ ಹೋಗಿದೆಯಂತೆ. ಅದನ್ನು ಹವಾಮಾನದ ಸುದ್ದಿ ಹೇಳುವಂತೆ ಹೇಳಿ, ಇನ್ನೊಂದು ಭಾಕರಿ ಹಾಕಿದರು. ಮಹಾನಂದಾ ತಲೆ ತಗ್ಗಿಸಿ ಉಂಡರು. ಎರಡೂವರೆಗೆ ಕಾರ್ಖಾನೆಯ ಬಸ್ಸು ಬಂತು. ಪಲ್ಲವಿ ತಾಯಿಯ ಭುಜ ಒಮ್ಮೆ ಒತ್ತಿ ಹತ್ತಿಹೋದಳು.

ವೇರೂಳ್

ವೇರೂಳಿಗೆ ಹೋಗಿ ಅಲ್ಲಿನ ಜಗತ್ಪ್ರಸಿದ್ಧ ಗುಹೆ ನೋಡದೆ ಬಂದವರಲ್ಲಿ ನಾನೂ ಒಬ್ಬಳು. ಬಸ್ಸಿನ ಕಿಟಕಿಯಿಂದ ಕಪ್ಪು ಬಂಡೆಯ ಗೋಡೆ ಕಂಡಿತು, ಅಷ್ಟೇ. ದೇವರ ಹೆಸರಿನಲ್ಲಿ ಸುಳ್ಳು ಹೇಳಿ ಬಂದದ್ದರಿಂದ ದರ್ಶನ ಮಾಡದೆ ಹೋಗಬಾರದು ಎಂದು ಮಹಾನಂದಾ ಹಟ ಹಿಡಿದಿದ್ದರು. ಶ್ರಾವಣ ಸೋಮವಾರದ ಸಾಲು ರಸ್ತೆಯವರೆಗೂ ಬಂದಿತ್ತು. ಇಲ್ಲಿ ಗಂಡಸರು ಅಂಗಿ ಕಳಚಿಯೇ ಒಳಗೆ ಹೋಗಬೇಕು. ಕ್ಯಾಮೆರಾ, ಫೋನು ಯಾವುದನ್ನೂ ಬಿಡುವುದಿಲ್ಲ. ಹೂವಿನ ಅಂಗಡಿಯವನ ಪೆಟ್ಟಿಗೆಯಲ್ಲಿ ನನ್ನ ಸಾಮಾನೆಲ್ಲ ಇಟ್ಟು, ಮಹಾನಂದಾ ಅವರ ಸೆರಗಿನ ಮೈಕನ್ನೂ ಬಿಚ್ಚಿಕೊಂಡು, ಬರಿಗೈಯಲ್ಲಿ ನಿಂತೆವು.

ಸಾಲು ಅರ್ಧ ಸಾಗಿದಾಗ ಮಹಾನಂದಾ ಮುಂದೆ ನೋಡಿಕೊಂಡೇ ಹೇಳಿದರು, "ಮೇಡಂ, ಆ ಬಾಯೀನ ಮ್ಯಾಲ ನನಗ ಹೊಟ್ಟಿ ಉರೀತ್ರಿ."

ಸಾಲು ಒಂದು ಹೆಜ್ಜೆ ಮುಂದೆ ಸರಿಯಿತು, ನಾವೂ ಸರಿದೆವು.

"ಆಕಿ ಭಾಕ್ರಿ ನೀಡ್ಲಕತ್ತಿದ್ಳು, ನಾ ಉಣ್ಣಕೋತ ಕುಂತಿದ್ದೆ, ಒಳಗ ಉರೀಲಕತ್ತಿತ್ತು. ನನ್ನ ಮಗಳಿಗಿ ಜ್ವರ ಬಂದಾಗ ಬಾಜೂಕ ಕುಂತಾಕಿ. ಆಕಿ ಕಾಲಿಗಿ ಬೀಳಬೇಕು ನಾ. ಖರೆ ಉರೀತು. ದೇವ್ರ ಮುಂದ ಹೋಗೋದ್ರಾಗ ಯಾರ ಮುಂದರ ಅಂದಬಿಡಬೇಕು ಅನಿಸ್ತು, ಅಂದೆ."

"ನಮ್ಮ ಕಡೆ ಆಯಿ ಅಂದ್ರ ಅಜ್ಜಿ ಅಲ್ಲೇನ್ರಿ ಅಕ್ಕಾರೆ," ಎಂದು ಸಮಾಧಾನ ಮಾಡಲು ನೋಡಿದೆ.

"ಆಕಿ ಮರಾಠೀನ್ಯಾಗ ಅಂದಾಳ್ರಿ," ಅಂದರು.

ಇಷ್ಟು ಸಲೀಸಾಗಿ ಹೇಳಬಹುದಾದ ಮಾತೇ ಇದು? ನಾನು ಎಷ್ಟು ವರ್ಷದಿಂದ ಅದನ್ನು ಕಾಳಜಿ, ಅಭಿಪ್ರಾಯ, ಅನುಭವ ಎಂದು ಬೇರೆ ಬೇರೆ ಹೆಸರಿನಲ್ಲಿ ಹೊತ್ತು ತಿರುಗುತ್ತಿದ್ದೆ. ಅಲ್ಲಿಯೇ, ಅಂಗಿ ಇಲ್ಲದ ಗಂಡಸರ ಸಾಲಿನ ಪಕ್ಕದಲ್ಲಿ, ಎಲ್ಲವನ್ನೂ ಹೇಳಿಬಿಟ್ಟೆ. ಭಾನುವಾರ ಅವರ ಫೋನು ಕೇಳಿದ್ದು. ಚೈತ್ರಾಳಿಗೆ ಹೇಳದೆ ಬಂದದ್ದು. ಬೇವಿನ ಮರದ ಕೆಳಗೆ ಕೂತು ಕೋಣೆಯ ಮಾತು ಕೇಳಿದ್ದು, ಅದು ಧ್ವನಿಮುದ್ರಣವಾಗಿರುವುದು.

ಮಹಾನಂದಾ ಮೊದಲು ಕೈ ಸೆರಗಿನ ಮೇಲೆ ಇಟ್ಟುಕೊಂಡರು, ಮೈಕು ಇದ್ದ ಜಾಗದಲ್ಲಿ. ಆಮೇಲೆ ಮುಖ ತಿರುಗಿಸಿದರು. ಗರ್ಭಗುಡಿಯಲ್ಲಿ ಲಿಂಗಕ್ಕೆ ಹಣೆ ಹಚ್ಚಿದರು. ಹೊರಗೆ ಬಂದು ಬಿಲ್ವಪತ್ರೆಯನ್ನು ಕಣ್ಣಿಗೊತ್ತಿಕೊಂಡ ಮೇಲೆ ಕೇಳಿದರು, "ಯಾಕ್ರಿ? ತಾಈ ನಿಮ್ಮ ಕೈಯಾಗ ಕಲ್ತಾಕಿ ಅಂತಲ್ಲ?"

"ಅದಕ್ಕೇರಿ," ಅಂದೆ.

ಅವರು ನನ್ನನ್ನು ನೋಡಿದರು. ಕ್ಷಮಿಸಿದ ನೋಟವಲ್ಲ. "ತಾಈಗ ನೀವೇ ಹೇಳ್ರಿ," ಅಂದರು. "ನಾ ಹೇಳಿದ್ರ ಚಾಡಿ ಆಗ್ತದ."

ಮತ್ತೆ ನಾಸಿಕ

ಆ ರಾತ್ರಿ ವೇರೂಳಿನ ಯಾತ್ರಿನಿವಾಸದಲ್ಲಿ ಮಲಗಿ ಮಂಗಳವಾರ ಮಧ್ಯಾಹ್ನ ವಾಪಸಾದೆವು. ಸಂಜೆ ಚೈತ್ರಾ ಬಂದಳು. ಗಿರಣಿಯ ಮೆಟ್ಟಿಲ ಮೇಲೆ ಕೂರಿಸಿ ಹೇಳಿದೆ. ಮಧ್ಯದಲ್ಲಿ ಅವಳು ಒಮ್ಮೆಯೂ ತಡೆಯಲಿಲ್ಲ. ಕಾಯುವುದು ಅವಳಿಗೆ ಗೊತ್ತಲ್ಲವೇ.

"ಅಂದ್ರೆ ಭಾನುವಾರ ಮಧ್ಯಾಹ್ನಾನೇ ನಿಮಗೆ ಗೊತ್ತಿತ್ತು," ಅಂದಳು.

"ಗೊತ್ತಿತ್ತು. ಫೋನ್ ಮಾಡಿದ್ದರೆ ನೀನು ರಾತ್ರಿಯೇ ಬರಬಹುದಿತ್ತು."

"ಬರ್ತಿರ್ಲಿಲ್ಲ ಅಕ್ಕ. ಅವರು ನನಗೆ ಹೇಳದೆ ಹೋಗ್ತಿದಾರೆ ಅಂದ್ರೆ, ನಾನು ಬರ್ತಿರ್ಲಿಲ್ಲ."

ಈ ಮಾತಿಗಾಗಿ ನಾನು ಅವಳನ್ನು ಆ ಕ್ಷಣದಲ್ಲಿ ದ್ವೇಷಿಸಿದೆ. ಅವಳಿಂದ ಕದ್ದೆ ಅಂದುಕೊಂಡದ್ದು ಅವಳಿಗೆ ಬೇಕೇ ಇರಲಿಲ್ಲ.

ಅವಳು ಒಳಗೆ ಮಹಾನಂದಾ ಅವರಿದ್ದ ಕಡೆ ನೋಡುತ್ತ ಅಂದಳು, "ಒಂದು ವರ್ಷದಲ್ಲಿ ಅವರು ಒಂದು ಸಲಾನೂ ಮೈಕ್ ಬಗ್ಗೆ ಹೆದರಿರ್ಲಿಲ್ಲ. ನೀವು ನಿಮ್ಮ ಮೇಲಿನದಷ್ಟೇ ಅಲ್ಲ, ನನ್ನ ಮೇಲಿನ ನಂಬಿಕೇನೂ ಖರ್ಚು ಮಾಡಿದ್ರಿ." ಎದ್ದು ಒಳಗೆ ಹೋಗಿ ಮಹಾನಂದಾ ಅವರ ಎದುರೇ ಪಲ್ಲವಿಗೆ ಫೋನ್ ಹಚ್ಚಿದಳು. ನಡೆದದ್ದನ್ನು ಹೇಳಿ ಏನು ಮಾಡಲಿ ಎಂದು ಕೇಳಿದಳು. ಕಾರ್ಖಾನೆಯ ಗದ್ದಲದ ನಡುವೆ ಪಲ್ಲವಿಯ ದನಿ ಸ್ಪಷ್ಟವಾಗಿತ್ತು. ಅಳಿಸಿ. ಎಲ್ಲ ಅಳಿಸಿ.

ಮಹಾನಂದಾ ನೋಡುತ್ತಿರುವಾಗ ನಾನೇ ನನ್ನ ಕೈಯಿಂದ ಅಳಿಸಿದೆ. ತಪ್ಪಿತಸ್ಥಳ ಪಶ್ಚಾತ್ತಾಪ ಇತ್ತು ಅಂತ ಬರೆಯಬಹುದು. ಆದರೆ ಒತ್ತುವಾಗ ನನಗೆ ಆದ ದುಃಖ ಬೇರೆ. ಅಷ್ಟು ಒಳ್ಳೆಯ ಶಬ್ದ ಇನ್ನೊಮ್ಮೆ ನನಗೆ ಸಿಗುವುದಿಲ್ಲ ಎಂಬ ದುಃಖ.

ಬುಧವಾರ ಬೆಳಿಗ್ಗೆ ಊರಿಗೆ ಹೊರಡಲೇ ಎಂದು ಕೇಳಿದೆ. ಇನ್ನೆರಡು ದಿನ ಇದೆ, ಕೆಲಸ ಮುಗಿಸಿ ಹೋಗಿ ಎಂದಷ್ಟೇ ಹೇಳಿ ಚೈತ್ರಾ ತನ್ನ ಮೂಲೆಯಲ್ಲಿ ಕೂತಳು. ಮಹಾನಂದಾ ಸೆರಗಿನ ಮೈಕು ಬೇಡ ಅಂದರು. ಸರಿ, ನಾನು ಕೋಲು ಹಿಡಿದು ದೂರ ನಿಂತೆ. ಬೆಳಗಿನ ಗಿರಾಕಿಗಳು ಬಂದು ಹೋದರು. ನಡುಹಗಲಿಗೆ ಮಹಾನಂದಾ ಹಿಂದಿನ ಮನೆಯಿಂದ ಹುರಿದ ಧಾನ್ಯದ ಒಂದು ಪಾತ್ರೆ ತಂದರು. ಜೋಳ, ಅಕ್ಕಿ, ಕಡಲೆಬೇಳೆ, ಉದ್ದು, ಕೊತ್ತಂಬರಿ. ಥಾಲಿಪೀಠಕ್ಕೆ ಇಲ್ಲಿನವರು ಮಾಡುವ ಭಾಜಣಿ ಹಿಟ್ಟು. ನಿಧಾನವಾಗಿ ಬೀಸಿದರು, ಬೆರಳಲ್ಲಿ ತಿಕ್ಕಿ ನೋಡಿದರು, ಕಲ್ಲು ಒಂದಿಷ್ಟು ಬಿಗಿ ಮಾಡಿ ಮತ್ತೆ ಬೀಸಿದರು. ಎರಡು ಹೊಸ ಡಬ್ಬಿಗೆ ಸಮಸಮನಾಗಿ ತುಂಬಿದರು. ಒಂದರಲ್ಲಿ ತುಸು ಕಡಿಮೆಯಾಯಿತೆಂದು ಇನ್ನೊಂದರಿಂದ ಹಾಕಿದರು. ಸ್ವಲ್ಪ ಯೋಚಿಸಿ, ಮತ್ತೆ ಅಷ್ಟನ್ನೇ ವಾಪಸು ಹಾಕಿದರು. ಚೈತ್ರಾ ಅಲುಗಾಡಲಿಲ್ಲ. ಇಪ್ಪತ್ತು ನಿಮಿಷದಿಂದ ಕ್ಯಾಮೆರಾ ನಡೆಯುತ್ತಿತ್ತು. ಎರಡು ಡಬ್ಬಿ ಯಾಕೆ ಎಂದು ಅವಳಿಗೆ ಗೊತ್ತಿಲ್ಲ, ನಿಯಮದ ಪ್ರಕಾರ ಕೇಳುವಂತಿಲ್ಲ. ನನಗೆ ಅಂದಾಜಿತ್ತು. ನಾನು ಬಾಯಿ ಬಿಡಲಿಲ್ಲ.

ಎದುರು ಮನೆಯ ಕಾಕು, ಓಣಿಗೆಲ್ಲ ಚಿಕ್ಕಮ್ಮ, ಗೋಧಿ ತಂದವರು ಡಬ್ಬಿಗಳನ್ನು ನೋಡಿ ಮರಾಠಿಯಲ್ಲಿ ಕೇಳಿದರು, ಇವೆರಡು ಯಾರದ್ದು?

"ಏಕ್ ಮಾಝ್ಯಾ ಪೋರೀಚಾ," ಅಂದರು ಮಹಾನಂದಾ, ಮುಚ್ಚಳ ಒತ್ತುತ್ತ. ಒಂದು ನನ್ನ ಹುಡುಗಿಯದು. "ಏಕ್ ತಿಚ್ಯಾ ಆಈಚಾ." ಒಂದು ಅವಳ ತಾಯಿಯದು.

ಕಾಕು ತಬ್ಬಿಬ್ಬಾದರು. "ಅಗಂ, ಮಗ ತೂ ಕೋಣ?" ಹಾಗಾದರೆ ನೀನು ಯಾರು?

ಮಹಾನಂದಾ ಎರಡನೆಯ ಮುಚ್ಚಳವನ್ನೂ ಒತ್ತಿದರು. ಅದು ಸರಿಯಾಗಿ ಕೂತಿದೆಯೇ ಎಂದು ಸುತ್ತಲೂ ಬೆರಳಾಡಿಸಿದರು.

"ಮೀ ಅವ್ವ," ಅಂದರು.

ನಾನು ಅವ್ವ. ಅಷ್ಟು ಹೇಳಿ ಕಾಕುವಿನ ಗೋಧಿಯನ್ನು ಕಲ್ಲಿಗೆ ಸುರಿದರು. ಒಂದು ಸಲವೂ ಕ್ಯಾಮೆರಾದ ಕಡೆ ನೋಡಲಿಲ್ಲ. ಮೋಟಾರಿನ ಸದ್ದು ಎಲ್ಲವನ್ನೂ ತುಂಬಿಕೊಂಡಿತು.

ಚೈತ್ರಾ ಬಹಳ ಹೊತ್ತಾದ ಮೇಲೆ ಕ್ಯಾಮೆರಾ ಇಳಿಸಿ ನನ್ನ ಕಡೆ ನೋಡಿದಳು. ಬೆಳಗಿನಿಂದ ಅವಳಾಗಿಯೇ ನನಗೆ ಆಡಿದ ಮೊದಲ ಮಾತು ಇದು: "ಸಿಕ್ತಾ ಅಕ್ಕ?"

ಅವಳು ಬಿಡಕಿನ್‌ಗೆ ಹೋಗಲಿಲ್ಲ. ಆ ಅಂಗಳ ನೋಡಲಿಲ್ಲ. ಏನನ್ನೂ ಕದಿಯಲಿಲ್ಲ, ಕೇಳಲೂ ಇಲ್ಲ. ಜೋಳದ ಚೀಲಕ್ಕೆ ಒರಗಿ ಕೂತಲ್ಲಿಗೇ ಎಲ್ಲ ತಾನಾಗಿ ನಡೆದುಕೊಂಡು ಬಂತು. ನನ್ನ ಹೊಟ್ಟೆ ಉರಿಯಿತು, ಈಗ ಅದಕ್ಕೆ ಬೇರೆ ಹೆಸರು ಕೊಡುವ ಕಷ್ಟವಿರಲಿಲ್ಲ.

"ಸಿಕ್ಕಿತು," ಅಂದೆ. "ಪ್ರತಿ ಅಕ್ಷರ."

ಕಿವಿಯಿಂದ ಹೆಡ್‌ಫೋನ್ ತೆಗೆದು ಅವಳ ಕೈಗೆ ಕೊಟ್ಟೆ.